ಬರಿದಾಗಿಯೇ ಉಳಿದ ಹೆಗಲು

ಪ್ರೀತಿಯ ಗಿರಮಲ್ಲಪ್ಪ ಕಾಕಾರಿಗೆ, ಬನಹಟ್ಟಿಯಿಂದ ಗುರುಬಾಯಿಯ ನಮಸ್ಕಾರ.

ಅಕ್ಷರ ಸೊಟ್ಟಗಿವೆ, ಕಾಗುಣಿತವೂ ತಪ್ಪಿರಬಹುದು. ಹೊಟ್ಟೆಗೆ ಹಾಕಿಕೊಳ್ಳಿ. ಐದನೇ ಇಯತ್ತೆಗೆ ಶಾಲೆ ಬಿಟ್ಟ ನನಗೆ ಓದುವ ರೂಢಿ ತಪ್ಪದಂತೆ ನೋಡಿಕೊಂಡವರು ನೀವೇ. ನಾಟಕದ ಪುಸ್ತಕ ನನ್ನ ಕೈಗೆ ಕೊಟ್ಟು, ನಮ್ಮ ಕಟ್ಟೆಯ ಮೇಲೆ ಕೂತು ನಿಮ್ಮ ಮಾತುಗಳನ್ನು ಒಪ್ಪಿಸುತ್ತಿದ್ದಿರಿ. ಒಂದು ಮಾತು ತಪ್ಪಿದರೂ, "ತಡಿ ಬೇ, ಮೊದಲಿಂದ ಹಿಡಿಯೂಣು" ಎನ್ನುತ್ತಿದ್ದಿರಿ.

ಮೂವತ್ತು ವರ್ಷ ಕಂಪನಿ ನಾಟಕ, ನಾಲ್ಕು ಸಿನಿಮಾ. ಒಂದರಲ್ಲೂ ನೀವು ನಾಯಕರಲ್ಲ. ನಾಟಕದಲ್ಲಿ ಸೊಸೆಯ ತಾಟಿನಿಂದ ರೊಟ್ಟಿ ಕಸಿಯುವ ಮಾವ, ಸಿನಿಮಾದಲ್ಲಿ ಎರಡೇ ಮಾತಿನ ಪೊಲೀಸ. ಬೀಳಗಿ ಸಂತೆಯಲ್ಲಿ ಬದನೆಕಾಯಿ ಮಾರುವ ಮುದುಕಿ, "ಸೊಸಿ ರೊಟ್ಟಿ ಕಸಗೊಂಡಾಂವ ನೀನ ಹೌದಲ್ಲೋ? ನಿನಗ ಕಾಯಿ ಕೊಡಂಗಿಲ್ಲ, ಹೋಗ" ಎಂದು ಬೈದದ್ದನ್ನು ನಗುತ್ತ ಹೇಳಿದ್ದಿರಿ. "ನನಗ ಇದ ಆಯೇರಿ ನೋಡ, ಗುರುಬಾಯಿ" ಎಂದಿರಿ. ನಾನು ಅದನ್ನು ನಿಜವೆಂದೇ ನಂಬಿದ್ದೆ.

ನಮ್ಮ ಕಡೆ ಮೆಚ್ಚಿದವರು ಆಟದ ನಡುವೆಯೇ ರಂಗ ಹತ್ತಿ ಟಾವೆಲ್ ಹೊದಿಸಿ ಆಯೇರಿ ಮಾಡುತ್ತಾರೆ. ಕೊಟ್ಟವರ ಹೆಸರನ್ನು ಮೈಕಿನಲ್ಲಿ ಕೂಗುತ್ತಾರೆ. ನಾಯಕನಿಗೆ ಸಿಗುತ್ತದೆ, ಹಾಸ್ಯದವನಿಗೂ ಸಿಗುತ್ತದೆ. ಕೆಟ್ಟ ಪಾತ್ರ ಮಾಡಿದವನ ಹೆಗಲಿಗೆ ಯಾರು ಹೊದಿಸುತ್ತಾರೆ?

ನಿಮ್ಮ ಗಂಟಲಿನ ಆಪರೇಶನ್ನಿಗೆ ಮುಂಚೆ ಬೀಳಗಿಯ ಆಟವೇ ನಿಮ್ಮ ಕೊನೆಯದು ಎಂದು ತಿಳಿದು, ಕೆಂಪಂಚಿನ ಟಾವೆಲ್ ಕೊಂಡು ತಂದಿದ್ದೆ. ರೊಟ್ಟಿ ಕಸಿಯುವ ದೃಶ್ಯ ಮುಗಿಯಿತು. ಅವ್ವ ತಿವಿದಳು: "ಏಳ ಬೇ, ಯಾರ ತಿಂತಾರ ನಿನ್ನ?" ಅಷ್ಟು ಮಂದಿಯ ಮುಂದೆ ನನ್ನ ಹೆಸರು ಕೂಗುತ್ತಾರೆಂದು ನೆನೆದೇ ಕಾಲು ಏಳಲಿಲ್ಲ. ನೀವು ಮಾತ್ರ ಒಳಗೆ ಹೋಗಲಿಲ್ಲ. ತಾಟು ಹಿಡಿದು ನಿಂತೇ ಇದ್ದಿರಿ. ನಿಮ್ಮ ಕಣ್ಣು ನನ್ನ ಮಡಿಲಿನ ಟಾವೆಲ್ ಮೇಲಿತ್ತು. ಪರದೆ ಬಿತ್ತು.

ಈಗ ನಿಮಗೆ ದನಿಯಿಲ್ಲ. ಮುಧೋಳದ ನಿಮ್ಮ ತಂಗಿಯ ಮನೆಯಲ್ಲಿ ಪಾಟಿಯ ಮೇಲೆ ಬರೆದು ತೋರಿಸುತ್ತೀರಂತೆ. ಅಲ್ಲಿಗೆ ಬಂದು ಟಾವೆಲ್ ಕೊಡಬಹುದು, ಬಸ್ಸಿಗೇನೂ ಕೊರತೆಯಿಲ್ಲ. ಆದರೆ ಆಟದ ನಡುವೆ ಕೊಡದಿದ್ದರೆ ಅದು ಆಯೇರಿಯಲ್ಲ ಕಾಕಾ, ಮೈ ಒರೆಸುವ ಬಟ್ಟೆ ಅಷ್ಟೇ.

ಇಂದು ಮುಂಜಾನೆ ನಾನು ನೇಯುವ ಶೆಡ್ಡಿನಲ್ಲಿ ಎಲ್ಲ ಮಗ್ಗಗಳೂ ಓಡುತ್ತಿದ್ದವು. ಆ ಸದ್ದಿನಲ್ಲಿ ಯಾರಿಗೂ ಕೇಳುವುದಿಲ್ಲವೆಂಬ ಧೈರ್ಯದಿಂದ ಕೂಗಿದೆ: "ಗಿರಮಲ್ಲಪ್ಪನವರ ಪಾತ್ರ ಮೆಚ್ಚಿ..." ಅಷ್ಟರಲ್ಲಿ ಕರೆಂಟು ಹೋಯಿತು. ಮಗ್ಗಗಳೆಲ್ಲ ಒಮ್ಮೆಲೇ ನಿಂತವು. "ಏನಾತ ಬೇ ನಿನಗ?" ಎಂದಳು ಪಕ್ಕದ ಮಗ್ಗದ ತಾರವ್ವ. ಎಲ್ಲರೂ ನನ್ನತ್ತ ತಿರುಗಿದ್ದರು. ನಾನು ನಿಲ್ಲಿಸಲಿಲ್ಲ. "ಬನಹಟ್ಟಿಯ ಗುರುಬಾಯಿ ಒಂದು ಟಾವೆಲ್ ಆಯೇರಿ ಮಾಡುತ್ತಾಳೆ."

ಬೀರಪ್ಪ ನಿಮ್ಮನ್ನು ನೂರು ವರ್ಷ ಇಟ್ಟಿರಲಿ.

ನಿಮ್ಮ ಪುಸ್ತಕ ಹಿಡಿಯುತ್ತಿದ್ದ,
ಗುರುಬಾಯಿ