ನಿಧಾನವಾದ ಕೈ

ಹವಾನಾ
೯ ಮಾರ್ಚ್ ೧೯೨೩

ಪ್ರೀತಿಯ ಲೆಯೊಕಾದಿಯಾ,

ಒಂದೇ ಸಮನೆ ತಿರುಗುವ ಕೈಯನ್ನು ನಂಬಬಾರದು ಅಂದವಳು ನೀನೋ ನಿನ್ನ ಅಮ್ಮನೋ, ಈಗ ನೆನಪಾಗುತ್ತಿಲ್ಲ. ಯಾರೇ ಅಂದಿರಲಿ, ಅದು ನನ್ನ ಕುರಿತ ಮಾತು. ಸೆಕೆಂಡಿಗೆ ಎರಡು ಸುತ್ತು. ಬಾಯೊಳಗೇ ಒಂದು ಕುಣಿತದ ರಾಗ ಗುನುಗುತ್ತ ಹದಿನೈದು ವರ್ಷ ಕ್ಯಾಮೆರಾದ ಹಿಡಿ ತಿರುಗಿಸಿದ್ದೇನೆ. ನನ್ನಪ್ಪನ ಶವಯಾತ್ರೆಯನ್ನು ತೆಗೆದಾಗಲೂ ತಾಳ ತಪ್ಪಲಿಲ್ಲ. ಅದನ್ನು ನೀನು ಕ್ಷಮಿಸಲಿಲ್ಲ.

ಅಕ್ಷರ ಸೊಟ್ಟಗಿವೆ. ಸೆಕೆ ಹೆಚ್ಚು.

ಮೆರಿದಾದಲ್ಲಿರುವ ನಿನ್ನ ಅಕ್ಕನ ಮನೆಗೆ ಹೊರಡುವ ಹಿಂದಿನ ಸಂಜೆ, ಪೆಟ್ಟಿಗೆಗೆ ಹಗ್ಗ ಬಿಗಿಯುತ್ತ, "ನಾಳೆ ಹಡಗುಕಟ್ಟೆಗೆ ಬರ್ತೀಯಾ?" ಎಂದು ನೀನು ಕೇಳಿದೆ.

"ಬರ್ಲೇಬೇಕಲ್ಲ, ವಾರದ ಸುದ್ದಿಚಿತ್ರಕ್ಕೆ ಆ ಹಡಗನ್ನ ತೆಗೀಬೇಕು" ಅಂದೆ ನಾನು.

ನೀನು ಗಂಟನ್ನು ಇನ್ನೊಮ್ಮೆ ಬಿಗಿದೆ. ಹೋಗಬೇಡ ಎನ್ನಲು ನನಗೆ ಬೆಳಗಿನವರೆಗೂ ಸಮಯವಿತ್ತು.

ಮರುದಿನ ನೀನು ಹಡಗಿನ ಹಲಗೆ ಹತ್ತುವಾಗ ನನ್ನ ಕೈ ಮೊದಲ ಸಲ ನಿಧಾನವಾಯಿತು. ತಾನು ನಿಧಾನಿಸಿದರೆ ನೀನೂ ನಿಧಾನಿಸುವೆ ಎಂದು ಅದಕ್ಕೆ ಅನ್ನಿಸಿರಬೇಕು. ಕಸುಬಿನ ಮೊದಲ ಪಾಠವೇ ಮರೆತುಹೋಗಿತ್ತು: ತೆಗೆಯುವಾಗ ಕೈ ನಿಧಾನವಾದರೆ, ತೆರೆಯ ಮೇಲೆ ಮನುಷ್ಯ ಓಡುತ್ತಾನೆ.

ಭಾನುವಾರ ಥಿಯೇಟರಿನಲ್ಲಿ ನೀನು ಓಡಿದೆ. ಟೋಪಿ ಹಿಡಿದುಕೊಂಡು, ಕುಪ್ಪಳಿಸುತ್ತ. ಜನ ನಕ್ಕರು. ಮೂಕಿ ಚಿತ್ರಕ್ಕೆ ಪಿಯಾನೋ ನುಡಿಸುವ ಸೆರಾಪಿಯೋ ಬೆರಳುಗಳನ್ನೂ ಜೊತೆಗೆ ಓಡಿಸಿದ. ಆಮೇಲೆ ಬಾಗಿಲ ಬಳಿ ಸಿಗಾರ್ ಹಚ್ಚುತ್ತ, "ಒಲೆ ಮೇಲೆ ಹಾಲಿಟ್ಟು ಬಂದವಳ ಥರ ಓಡ್ತಾಳಲ್ಲೋ ಮಾರಾಯ, ಯಾರವಳು?" ಅಂದ. ಯಾರೋ ಪ್ರಯಾಣಿಕಳು ಅಂದೆ.

ಎರಡು ವರ್ಷವಾಯಿತು. ಈ ಊರಿನ ಸೆಕೆಗೆ ರೀಲು ಅಂಟಂಟಾಗುತ್ತದೆಂದು ಅದನ್ನು ನಿನ್ನ ಐಸ್ ಪೆಟ್ಟಿಗೆಯಲ್ಲಿ ಇಟ್ಟಿದ್ದೇನೆ. ಮೀನಿಗೆ ಜಾಗವಿಲ್ಲ, ತಿನ್ನುವವರೂ ಇಲ್ಲ. ನೀನು ಬಂದರೆ ತೋರಿಸುತ್ತೇನೆ. ಪ್ರೊಜೆಕ್ಟರನ್ನೂ ಅಷ್ಟೇ ನಿಧಾನವಾಗಿ ತಿರುಗಿಸಿದರೆ ನೀನು ಅವತ್ತು ನಡೆದಂತೆಯೇ ನಡೆಯುತ್ತೀ. ಅದಕ್ಕಾದರೂ ಬಾ. ಇಷ್ಟನ್ನು ಹೇಳಲು ಇಷ್ಟು ಸುತ್ತಿದೆ.

ನಿನ್ನವನೇ ಆದ,
ಎವಾರಿಸ್ತೋ

ಮರೆತದ್ದು: ಐಸ್ ಪೆಟ್ಟಿಗೆಯಲ್ಲಿ ರೀಲಿದೆ ಅಂದದ್ದು ಸುಳ್ಳು. ಕಳೆದ ಮಂಗಳವಾರ ಖಾಲಿ ಥಿಯೇಟರಿನಲ್ಲಿ ಒಬ್ಬನೇ ಹಾಕಿಕೊಂಡು ನೋಡಿದೆ. ತೀರ ನಿಧಾನಿಸಿದರೆ ದೀಪದ ಬಿಸಿಗೆ ರೀಲು ಹೊತ್ತಿಕೊಳ್ಳುತ್ತದೆಂದು ಗೊತ್ತಿತ್ತು. ಆದರೂ ನಿಧಾನಿಸಿದೆ. ನೀನು ಓಡಲಿಲ್ಲ. ಹಲಗೆಯ ನಡುವೆ ನಿಂತೆ, ನನ್ನ ಕಡೆ ತಿರುಗಿದೆ. ಅವತ್ತು ತಾಳ ಗುನುಗುತ್ತಿದ್ದ ನನಗೆ ಇದಾವುದೂ ಕಂಡಿರಲಿಲ್ಲ. ಏನೋ ಹೇಳಲು ನಿನ್ನ ತುಟಿ ತೆರೆಯುತ್ತಿದ್ದಂತೆ ಅಲ್ಲಿಂದಲೇ ಕಂದು ಬಣ್ಣ ಹರಡಿತು, ಬೆಂಕಿ ಹತ್ತಿತು. ಆರಿಸಲು ಹೋಗಿ ಅಂಗೈ ಸುಟ್ಟುಕೊಂಡೆ. ಅಕ್ಷರ ಸೊಟ್ಟಗಾದದ್ದು ಸೆಕೆಯಿಂದಲ್ಲ.

ಲೆಯೊಕಾದಿಯಾ, ಅಲ್ಲಿ ನಿಂತು ನೀನು ನನಗೆ ಏನು ಹೇಳಿದೆ?