ಅವನ ಮಾರಿ ಹ್ಯಾಂಗೈತಿ

ಗಜೇಂದ್ರಗಡ
೧೮ ಫೆಬ್ರುವರಿ ೨೦೦೬

ಕಾಶೀಂಬಿ ಕಾಕಿಗೆ ಪಕ್ಕದ ಮನೆಯ ಅನ್ನಪೂರ್ಣೇಶ್ವರಿಯ ಶರಣು.

ನೀನು ಮಗಳ ಮನೆಗೆಂದು ಮುಶಿಗೇರಿಗೆ ಹೋಗಿ ವರ್ಷವಾಯಿತು. ನಡುಗೋಡೆಯ ಆಚೆ ಈಗ ನಿನ್ನ ಕೆಮ್ಮೂ ಇಲ್ಲ, ಬೈಗುಳವೂ ಇಲ್ಲ.

ನಿನ್ನೆ ಆ ಹಳೆಯ ಸಿನಿಮಾ ಟೀವಿಯಲ್ಲಿ ಮತ್ತೆ ಬಂತು, ಮುಖ್ಯಮಂತ್ರಿಯನ್ನು ಕೊಲ್ಲಲು ಬಂದವನ ಕಥೆ. ಮುಖ್ಯಮಂತ್ರಿ ಉಳಿಯುತ್ತಾನೆಂದು ಮನೆಮಂದಿಗೆಲ್ಲ ಗೊತ್ತು. ಆದರೂ ಬಂದೂಕು ಮೇಲೆದ್ದಾಗ ನಮ್ಮತ್ತೆ, 'ಲಗೂ ಬಗ್ಗೋ ಯಪ್ಪಾ!' ಎಂದು ಕೂಗಿದರು. ನನಗೆ ನೀನು ನೆನಪಾದೆ.

ನಿನ್ನ ಎರಡೂ ಕಣ್ಣಿಗೆ ಪೊರೆ ಬಂದಿದ್ದ ವರ್ಷ ಇದೇ ಸಿನಿಮಾಕ್ಕೆ ನಿನ್ನನ್ನು ಟಾಕೀಸಿಗೆ ಕರೆದೊಯ್ದಿದ್ದೆ. ಆಪರೇಶನ್ ಎಂದರೆ ಸಾಕು, 'ಇದ್ದ ಮಬ್ಬ ಬೆಳಕೂ ಹೋದ್ರ ಏನ್ ಮಾಡ್ಲೆ?' ಎಂದು ನೀನು ಹೆದರುತ್ತಿದ್ದೆ. ತೆರೆಯ ಮೇಲಿನದನ್ನೆಲ್ಲ ನಿನ್ನ ಕಿವಿಯಲ್ಲಿ ಹೇಳುತ್ತ ಹೋದೆ. ಮಾಳಿಗೆಗೆ ಹೋಗುವ ಜಿನಾ ಹತ್ತಿದ, ಕಿಟಕಿ ತೆರೆದ, ಬಂದೂಕು ಜೋಡಿಸಿದ. ನೀನು ನನ್ನ ಕೈ ಹಿಡಿದು ಕೇಳಿದೆ:

'ಅಂವನ ಮಾರಿ ಹ್ಯಾಂಗೈತಿ?'

'ಎಲ್ಲಾರ ಹಂಗ ಐತಿ ಕಾಕಿ.'

'ಖೂನಿ ಮಾಡಾವನ ಮಾರಿ ಎಲ್ಲಾರ ಹಂಗ ಹ್ಯಾಂಗ ಇರತೈತಿ? ಸರಿಯಾಗಿ ನೋಡಿ ಹೇಳ.'

ನೋಡಿದೆ. ಆ ಮುಖ ಹೇಗಿದೆಯೆಂದು ಹೇಳಲು ಬರಲಿಲ್ಲ. ಮನೆ ಮುಟ್ಟುವವರೆಗೂ ನೀನು ಅದನ್ನೇ ಕೇಳಿದೆ. ಮುಂದೆ ಊರಲ್ಲಿ ಕಣ್ಣಿನ ಶಿಬಿರ ನಡೆದಾಗ ನೀನಾಗಿಯೇ ನಮ್ಮ ಬಾಗಿಲಿಗೆ ಬಂದೆ. 'ಆಗಿದ್ದಾಗ್ಲಿ, ನಡಿ' ಎಂದವಳು ದವಾಖಾನೆ ಮುಟ್ಟುವವರೆಗೂ ನನ್ನ ಕೈ ಬಿಡಲಿಲ್ಲ.

ಆಪರೇಶನ್ ಆಗಿ ಪಟ್ಟಿ ಬಿಚ್ಚಿದ ಮೇಲೆ ನಾನು ಸೀಡಿ ಬಾಡಿಗೆ ತಂದೆ. ಆ ಬಂದೂಕಿನವನು ಕಂಡ ಕೂಡಲೇ ನೀನು ಟೀವಿಯ ಹತ್ತಿರ ಸರಿದು ಕೂತೆ.

'ಅಯ್ಯ, ಇಂವಗ ಗಡ್ಡಾ ಸೈತ ಪೂರಾ ಬಂದಿಲ್ಲಲ್ಲವಾ!'

ಕೊನೆಗೆ ಪೊಲೀಸರ ಗುಂಡು ತಾಗಿ ಅವನು ಜಿನಾದ ಮೇಲೆ ಬಿದ್ದ. ಕೆಳಗೆ ಜೈಕಾರ ಕೇಳಿತು, ಮುಖ್ಯಮಂತ್ರಿಗೆ ಹಾರ ಬಿತ್ತು, ಸಿನಿಮಾ ಮುಗಿಯಿತು. ನಾವೆಲ್ಲ ಉಸಿರು ಬಿಟ್ಟು ಎದ್ದೆವು. ನೀನು ಏಳಲಿಲ್ಲ.

'ಅಂವನ್ನ ಯಾರ ಎತ್ತಿದ್ರು?' ಎಂದು ಕೇಳಿದೆ.

ಮೊದಲೇ ನೋಡಿದ್ದರೂ ಆ ಪ್ರಶ್ನೆ ನನಗೆ ಹೊಳೆದಿರಲಿಲ್ಲ.

'ತೋರ್ಸಿಲ್ಲ ಕಾಕಿ.'

'ಪಾಪದ ಕೆಲಸನ ಮಾಡಾಕ ಬಂದಿದ್ದ, ಖರೇ. ಆದ್ರೂ ಹಡದಾಕಿ ಒಬ್ಬಾಕಿ ಇರತಾಳಲ್ಲ?'

ಕಣ್ಣು ಉಜ್ಜಬಾರದೆಂದು ಡಾಕ್ಟರು ಹೇಳಿದ್ದರು. ನೀನು ಉಜ್ಜಲಿಲ್ಲ. ನೀರು ಗದ್ದದವರೆಗೆ ಇಳಿಯಿತು.

ನಿನ್ನೆ ನಮ್ಮ ಮನೆಯವರು, 'ಎಷ್ಟ ಸಲ ಅಂತ ನೋಡ್ತಿ ಇದನ್ನ?' ಎಂದು ನಕ್ಕರು. ಅವರೆಲ್ಲ ಮುಖ್ಯಮಂತ್ರಿ ಈ ಸಲವೂ ಬದುಕಲಿ ಎಂದು ನೋಡುತ್ತಾರೆ, ಕಾಕಿ. ನಾನು ಆ ಹುಡುಗ ಈ ಸಲವಾದರೂ ಜಿನಾ ಹತ್ತದೆ ಮನೆಗೆ ಹೋಗಲಿ ಎಂದು ನೋಡುತ್ತೇನೆ.

ನಿನ್ನ ಕಣ್ಣಬೆಳಕು ಕಡೆತನಕ ತಣ್ಣಗಿರಲಿ.

ನಿನ್ನ
ಅನ್ನಪೂರ್ಣೇಶ್ವರಿ