ಅರವತ್ತೊಂದನೇ ದಿನ ಒಡೆದ ಲಕೋಟೆ

ಗದಗ, ಇಸವಿ ೨೪೧೭, ಹದಿಮೂರನೇ ತಿಂಗಳ ನಾಲ್ಕು

ನಮಗಿಂತ ನಾನೂರು ವರ್ಷ ಹಿಂದೆ ಕೂತು ಸೂಜಿಚಿಕಿತ್ಸೆಯ ಪುರಾವೆ ತೂಗುತ್ತಿರುವ ಹಿರಿಯರಿಗೆ, ಗದಗಿನ ತೂಕದಮನೆಯ ನೀಲಗಂಗಾ ಮಾಡುವ ನಮಸ್ಕಾರಗಳು. ನಮ್ಮ ವರ್ಷಕ್ಕೆ ಹದಿಮೂರು ತಿಂಗಳು; ನಮ್ಮ ಕೆಲವು ಮಾತುಗಳೂ ನಿಮಗೆ ವಿಚಿತ್ರವೆನಿಸಬಹುದು, ಮನ್ನಿಸಿ. ಹಳೆಯ ಚಿಕಿತ್ಸೆಗಳನ್ನು ಮತ್ತೆ ಪರೀಕ್ಷಿಸಿ ನೋಡುವ ಕಚೇರಿಗೆ ನಾವು ತೂಕದಮನೆ ಎನ್ನುತ್ತೇವೆ.

ಮೊದಲೇ ಹೇಳಿಬಿಡುತ್ತೇನೆ, ನಿಮ್ಮನ್ನು ನೆನೆದರೆ ನನಗೆ ಹೊಟ್ಟೆಕಿಚ್ಚು. ನಿಮಗೆ ಮೊಣಕಾಲು ನೋವಿನವರು ಸಾವಿರಗಟ್ಟಲೆ ಸಿಗುತ್ತಿದ್ದರು. ಇಲ್ಲಿ ಏಳು ವರ್ಷ ತುಂಬಿದೊಡನೆ ಎಲ್ಲರ ಕಿವಿಯ ಹಿಂದೆ ನೋವುತಡೆ ಕೂರಿಸುತ್ತಾರೆ, ಜೋಳದ ಕಾಳಿನಷ್ಟು ಯಂತ್ರ. ಅದು ಮೈಗೆ ಒಗ್ಗದೆ ಮೊಣಕಾಲು ನೋವು ಉಣ್ಣುವ ನಲವತ್ತು ಜನರನ್ನು ಹುಡುಕಲು ಬೀದರಿನವರೆಗೆ ಐದು ವರ್ಷ ಅಲೆದೆ. ಅವರಲ್ಲಿ ನನ್ನ ಅವ್ವನೂ ಒಬ್ಬಳು.

ನಿಮ್ಮ ಕಾಲದ ವರದಿಗಳನ್ನು ಓದಿದ್ದೆ. ಸೂಜಿ ಚುಚ್ಚಿಸಿಕೊಂಡವರು ಏನೂ ಮಾಡಿಸಿಕೊಳ್ಳದವರಿಗಿಂತ ಚೆನ್ನಾಗಿದ್ದರು, ಚುಚ್ಚಿದಂತೆ ನಟಿಸುವ ಸುಳ್ಳುಸೂಜಿಯವರಿಗಿಂತ ಮಾತ್ರ ಕೊಂಚವೇ ಮೇಲು. ಆ ಕೊಂಚ ನಿಜವೋ ಭ್ರಮೆಯೋ ಎಂಬುದು ನನಗೆ ತಿಳಿಯಬೇಕಿತ್ತು. ಇಪ್ಪತ್ತು ಜನಕ್ಕೆ ನಿಜದ ಸೂಜಿ, ಇಪ್ಪತ್ತು ಜನಕ್ಕೆ ಮರೆಸೂಜಿ, ಅಂದರೆ ಚರ್ಮ ಮುಟ್ಟಿದೊಡನೆ ತನ್ನ ಹಿಡಿಯೊಳಗೇ ಸರಿದುಬಿಡುವ ಮೊಂಡು ಸೂಜಿ. ಹಾಕುವವಳು ನನ್ನ ಜೊತೆಗಾತಿ ಕಸ್ತೂರಿ. ಯಾವುದು ಯಾವುದೆಂದು ಅವಳಿಗೂ ತಿಳಿಯದು. ನೋವು ಹತ್ತರಲ್ಲಿ ಎಷ್ಟು ಎಂದು ದಿನಾ ಕೇಳಿ ಬರೆಯುವವಳು ನಾನು. ಯಾರಿಗೆ ಯಾವ ಸೂಜಿ ಎಂಬ ಪಟ್ಟಿ ನೂರನೇ ದಿನದವರೆಗೆ ಲಕೋಟೆಯಲ್ಲಿ ಭದ್ರ.

ಸೂಜಿ ಶುರುವಾದ ಮೇಲೆ ಅವ್ವ ಹನ್ನೊಂದು ವರ್ಷಗಳಲ್ಲಿ ಮೊದಲ ಸಲ ಮೆಟ್ಟಿಲು ಹತ್ತಿದಳು. ಕೂತರೆ ಕಸ್ತೂರಿಯ ಕೈಗುಣ, ನಿಂತರೆ ಕಸ್ತೂರಿಯ ಕೈಗುಣ. ಊರೂರು ತಿರುಗಿ ಚಪ್ಪಲಿ ಸವೆಸಿದವಳು ನಾನು, ಹೆಸರು ಅವಳಿಗೆ. ಅರವತ್ತೊಂದನೇ ದಿನ ತಡೆಯಲಾಗದೆ ಲಕೋಟೆ ಒಡೆದೆ. ಅವ್ವನದು ಮರೆಸೂಜಿ. ಎಷ್ಟು ಹಿಗ್ಗಿದೆನೆಂದರೆ, ಊಟಕ್ಕೆ ಕೂತಾಗ ಅವ್ವನಿಗೇ ಹೇಳಿಬಿಟ್ಟೆ.

ಅವ್ವ ಹಪ್ಪಳ ಮುರಿಯುತ್ತ ಅಂದಳು: “ಚುಚ್ಚಲಿಲ್ಲಂದ್ರ ಏನಾತು? ಆಕಿ ದಿನಾ ಅರ್ಧಾ ತಾಸು ನನ್ನ ಮೊಣಕಾಲು ಹಿಡಕೊಂಡು ಕುಂದರ್ತಾಳ. ನೀ ನಂಬರ್ ಬರಕೊಂಡು ಎದ್ದು ಹೋಗ್ತಿ.”

ನೂರನೇ ದಿನ ನಿಜದ ಸೂಜಿಯವರೇ ಕೊಂಚ ಮೇಲು ಬಂದರು. ಆದರೆ ಲಕೋಟೆ ಒಡೆದ ಮೇಲೆ, ಮರೆಸೂಜಿಯವರು ಐದು ಅಂದಾಗ ನಾನು ಆರು ಎಂದು ಬರೆದೆನೇ? ನನಗೇ ಗೊತ್ತಿಲ್ಲ. ತಪ್ಪೊಪ್ಪಿಕೊಂಡೆ, ತೂಕದಮನೆಯವರು ಪರೀಕ್ಷೆಯನ್ನೇ ರದ್ದು ಮಾಡಿದರು. ಮತ್ತೆ ಅಂಥ ನಲವತ್ತು ಜನ ನನಗೆ ಈ ಜನ್ಮದಲ್ಲಿ ಸಿಗುವುದಿಲ್ಲ.

ಆದ್ದರಿಂದ ನಿಮ್ಮಲ್ಲಿ ಒಂದೇ ಬೇಡಿಕೆ. ರೋಗಿಗಳು ಇರುವಾಗಲೇ ಆ ಕೊಂಚವನ್ನು ಸರಿಯಾಗಿ ತೂಗಿಡಿ. ಅಂಕಿ ಬರೆಯುವ ಕೆಲಸವನ್ನು ಯಾರ ಮೇಲೂ ಹೊಟ್ಟೆಕಿಚ್ಚಿಲ್ಲದವರಿಗೆ ಕೊಡಿ, ಅಂಥವರು ನಿಮ್ಮಲ್ಲಿದ್ದರೆ.

ಅವ್ವನ ನೋವು ಮರುಕಳಿಸಿದೆ. ನಿನ್ನೆ ನಾನೇ ಅವಳ ಮೊಣಕಾಲು ಹಿಡಿದು ಅರ್ಧ ತಾಸು ಕೂತೆ. ಈಗ ಹೇಗಿದೆ ಎಂದು ಕೇಳಿದರೆ, ಇದ್ದ ಹಾಗೇ ಇದೆ, ಕಸ್ತೂರಿಯನ್ನು ಕರೆಸು ಎಂದಳು. ಕರೆಸಿದ್ದೇನೆ. ಒಳಗೆ ಇಬ್ಬರೂ ನಗುತ್ತಿದ್ದಾರೆ. ನಾನು ಹೊರಗೆ ಕೂತು ನಿಮಗೆ ಬರೆಯುತ್ತಿದ್ದೇನೆ.